ಫಾರಂ ಕೋಳಿಯ ಬೇಟೆ

ಮೊಮ್ಮಗಳಿಗೆ ಅರಣ್ಯ ಇಲಾಖೆಯಲ್ಲಿ ಗಾರ್ಡ್ ಕೆಲಸದ ಆರ್ಡರ್ ಬಂದ ದಿನ ನಾನು ಹೊಸಪೇಟೆ ಬಸ್ ಸ್ಟ್ಯಾಂಡಿನಲ್ಲಿ ಗುರುತಿಲ್ಲದ ಮನುಷ್ಯನೊಬ್ಬನನ್ನು ಹಿಡಿದು ಚಹಾ ಕುಡಿಸಿದೆ. ಪಾಪ, ಅವನು ಕಂಪ್ಲಿ ಬಸ್ಸಿಗೆ ಕಾಯುತ್ತ ನಿಂತಿದ್ದ.

“ಹಿರಿಯರ, ನಿಮಗ ನನ್ನ ಗುರುತೈತೇನ್ರಿ?” ಎಂದು ಕೇಳಿದ.

“ಇಲ್ಲಪ. ನನ್ನ ಮೊಮ್ಮಗಳಿಗೆ ಸರಕಾರಿ ನೌಕರಿ ಆಗೇತಿ. ಕುಡಿ ನೀನು.”

ಕುಡಿದ. ಹುಡುಗಿ ನಡಿಗೆ ಪರೀಕ್ಷೆಯಲ್ಲಿ ಹೇಗೆ ಉಳಿದವರನ್ನೆಲ್ಲ ಹಿಂದೆ ಹಾಕಿದಳು, ಎತ್ತರ ಅಳೆಯುವಾಗ ಹೇಗೆ ಉಸಿರು ಬಿಗಿಹಿಡಿದು ನಿಂತಳು, ಖಾಕಿ ಬಟ್ಟೆಯನ್ನು ಯಾವ ಟೇಲರಿಗೆ ಕೊಡಬೇಕೆಂದು ಮನೆಯಲ್ಲಿ ಹೇಗೆ ಜಗಳ ನಡೆದಿದೆ, ಎಲ್ಲವನ್ನೂ ಹೇಳಿದೆ. ಅವನ ಬಸ್ಸು ಬಂದು ಹೋಯಿತು. ಮುಂದಿನ ಬಸ್ಸು ಬಂದಾಗಲೂ ನನ್ನ ಮಾತು ಮುಗಿದಿರಲಿಲ್ಲ. ಅವನು ಓಡಿಹೋಗಿ ಹತ್ತಿಕೊಂಡ, ಕಿಟಕಿಯಿಂದ ಕೈ ಮುಗಿದ. ಸಂತೋಷಕ್ಕೋ ಸಾಕಾಗಿಯೋ ತಿಳಿಯಲಿಲ್ಲ.

ಆ ಕಾಲದಲ್ಲಿ ನಮ್ಮ ಕಡೆ ಕೆಲಸಕ್ಕೇನೂ ಬರ ಇರಲಿಲ್ಲ. ಸಂಡೂರಿನ ಗುಡ್ಡಗಳನ್ನು ಅಗೆದು ಲಾರಿಗೆ ತುಂಬುವ ಕಾಲ. ಸ್ಟೇರಿಂಗ್ ಹಿಡಿಯಲು ಬಂದವನೆಲ್ಲ ಡ್ರೈವರ್, ಬಾರದವನು ಕ್ಲೀನರ್, ಎರಡೂ ಬೇಡವೆಂದವನು ರಸ್ತೆ ಬದಿಗೆ ಚಹಾದಂಗಡಿ ಇಟ್ಟುಕೊಂಡವನು. ನನ್ನ ಮಗನೂ ಟಿಪ್ಪರ್ ಓಡಿಸುತ್ತಿದ್ದ. ಮನೆಗೆ ಬಂದಾಗ ಅದಿರಿನ ಧೂಳಿಗೆ ಕಣ್ಣಿನ ರೆಪ್ಪೆಯವರೆಗೂ ಕೆಂಪಾಗಿರುತ್ತಿದ್ದ. ಸೊಸೆ ಅವನನ್ನು ಹೊರಗೇ ನಿಲ್ಲಿಸಿ, ಚಾಪೆ ಜಾಡಿಸಿದ ಹಾಗೆ ಜಾಡಿಸಿ ಒಳಗೆ ಬಿಡುತ್ತಿದ್ದಳು. ಆದರೆ ಆ ಕೆಲಸಗಳೆಲ್ಲ ಇವತ್ತು ಇದ್ದವು ನಾಳೆ ಇರುತ್ತವೆಂದು ಹೇಳುವ ಹಾಗಿರಲಿಲ್ಲ. ಮಾಲೀಕ ಬದಲಾದರೆ ಡ್ರೈವರೂ ಬದಲು.

ನನಗೆ ಆ ವಿಷಯ ಯಾರೂ ಕಲಿಸಬೇಕಾಗಿರಲಿಲ್ಲ. ಮೂರನೇ ಕ್ಲಾಸಿಗೆ ಶಾಲೆ ಬಿಟ್ಟವನು ನಾನು. ಆಮೇಲೆ ದುಡಿದದ್ದೆಲ್ಲ ಕಾಲುವೆಯ ಮೇಲೆ. ತೂಬು ಎತ್ತಿ ನೀರು ಬಿಡುವವನಿಗೆ ನಮ್ಮ ಕಡೆ ಲಸ್ಕರ್ ಎನ್ನುತ್ತಾರೆ. ನಾನು ಟೆಂಪರರಿ ಲಸ್ಕರ್ ಆಗಿ ಸೇರಿದೆ, ಟೆಂಪರರಿ ಲಸ್ಕರ್ ಆಗಿಯೇ ಮುದುಕನಾದೆ. ಹೊಸದಾಗಿ ಬಂದ ಪ್ರತಿಯೊಬ್ಬ ಇಂಜಿನಿಯರ್ ಸಾಹೇಬರೂ “ನಿನ್ನನ್ನ ಖಾಯಂ ಮಾಡಿಸ್ತೀನಿ” ಎಂದರು. ಅವರೇ ವರ್ಗವಾಗಿ ಹೋದರು, ನಾನು ತೂಬಿನ ಹತ್ತಿರವೇ ಉಳಿದೆ. ಹಾಗಾಗಿ ಖಾಯಂ ಎನ್ನುವ ಪದ ಕೇಳಿದರೆ ನನಗೆ ಬಾಯಲ್ಲಿ ಬೆಲ್ಲ ಇಟ್ಟ ಹಾಗಾಗುತ್ತದೆ.

ಆರ್ಡರಿನ ಕೊನೆಯಲ್ಲಿ ಒಂದು ಸಾಲು ಇತ್ತು. ಅದನ್ನು ಓದುವಾಗ ಮೊಮ್ಮಗಳ ದನಿ ಸಣ್ಣದಾಯಿತು. ಪರಿಶಿಷ್ಟ ಪಂಗಡದ ಮೀಸಲಾತಿಯಲ್ಲಿ ಆಯ್ಕೆಯಾದವರು ಸಿಂಧುತ್ವ ಪ್ರಮಾಣ ಪತ್ರ ಒಪ್ಪಿಸಬೇಕು, ಇಲ್ಲದಿದ್ದರೆ ನೇಮಕಾತಿ ರದ್ದು.

“ಅದೇನವ್ವ ಅದು, ಸಿಂಧುತ್ವ?”

“ತಾತಾ, ತಹಶೀಲ್ದಾರ್ರು ನಮಗ ಜಾತಿ ಪ್ರಮಾಣ ಪತ್ರ ಕೊಟ್ಟಾರಲ್ಲ, ಅದು ಖರೇ ಐತಿ ಅಂತ ಹೇಳೋ ಇನ್ನೊಂದು ಪ್ರಮಾಣ ಪತ್ರ.”

“ಮತ್ತ ಅದು ಖರೇ ಐತಿ ಅಂತ ಯಾರು ಹೇಳ್ತಾರ?”

“ತಾತಾ, ನೀ ಸುಮ್ಕಿರು.”

ನಾವು ನಾಯಕರು. ಬೇಡರು ಎಂದರೂ ನಾವೇ. ನಮ್ಮ ಕುಲವಲ್ಲದವರು ಸುಳ್ಳು ಕಾಗದ ಮಾಡಿಸಿಕೊಂಡು ನಮ್ಮ ಮಕ್ಕಳ ಪಾಲಿನ ನೌಕರಿ ಹೊಡೆದುಕೊಳ್ಳಬಾರದೆಂದೇ ಈ ತಪಾಸಣೆ ಇರುವುದು. ಹಾಗಾಗಿ ಅದರ ಮೇಲೆ ನಮಗೆ ಸಿಟ್ಟಿರಲಿಲ್ಲ. ಬರಲಿ, ನೋಡಲಿ, ನಾವೇನು ಕದ್ದು ಹುಟ್ಟಿದವರೇ? ಹುಡುಗಿ ಸಂಡೂರಿನಲ್ಲಿ ಕೆಲಸಕ್ಕೆ ಸೇರಿಕೊಂಡಳು. ನಾನು ಕೇರಿಯಲ್ಲಿ ಎದೆ ಮುಂದೆ ಮಾಡಿ ನಡೆಯತೊಡಗಿದೆ.

ಇಲ್ಲಿ ನಮ್ಮ ಕೇರಿಯ ರೀತಿ ಒಂದನ್ನು ಹೇಳಬೇಕು. ನಮ್ಮ ಕೇರಿಗೆ ಗುರುತಿಲ್ಲದ ಗಂಡಸು ಬಂದು, ಆ ಮನೆಯವರು ಯಾವ ಕುಲ, ದೇವರು ಯಾವುದು, ಮದುವೆ ಹೇಗೆ ಮಾಡುತ್ತಾರೆ ಎಂದು ಕೇಳಿದನೆಂದರೆ ಅವನು ಹೆಣ್ಣಿನ ಮನೆ ವಿಚಾರಿಸಲು ಬಂದವನು ಎಂದೇ ಲೆಕ್ಕ. ಬೇರೆ ಯಾರಿಗೆ ಬೇಕು ಆ ಉಸಾಬರಿ? ಆಗ ಇಡೀ ಕೇರಿ ಒಂದಾಗುತ್ತದೆ. ನಲ್ಲಿಯ ಹತ್ತಿರ ನಿನ್ನೆ ಕೊಡ ಎತ್ತಿ ಬಡಿದಾಡಿದವರೂ ಇವತ್ತು ಆ ಮನೆಯನ್ನು ಆಕಾಶಕ್ಕೆ ಏರಿಸುತ್ತಾರೆ. ನೀರು ಕಾಯಿಸಲು ಬಾರದ ಹುಡುಗಿಯರು ನಮ್ಮ ಕೇರಿಯಿಂದ ಅಡುಗೆಯಲ್ಲಿ ಎತ್ತಿದ ಕೈ ಎನಿಸಿಕೊಂಡು ಮದುವೆಯಾಗಿ ಹೋಗಿದ್ದಾರೆ. ಈ ಕೆಲಸದಲ್ಲಿ ಎಲ್ಲರಿಗಿಂತ ಮುಂದೆ ನಮ್ಮ ಎದುರುಮನೆಯ ಅಂಗಡಿಯಕ್ಕ. ಬೀಡಿ, ಬೆಂಕಿಪೊಟ್ಟಣ, ಸೋಪು ಮಾರುವ ಅವಳ ಗೂಡಂಗಡಿ ಕೇರಿಯ ಬಾಯಿಗೇ ಇದೆ.

ಒಂದು ದಿನ ನಾನು ಬಾಳೆಗೊನೆ ತರಲೆಂದು ಕಮಲಾಪುರಕ್ಕೆ ಹೋಗಿ ಬರುವಷ್ಟರಲ್ಲಿ ಅಂಗಡಿಯಕ್ಕ ರಸ್ತೆಯಲ್ಲೇ ನನ್ನನ್ನು ತಡೆದು ನಿಲ್ಲಿಸಿದಳು.

“ಅಣ್ಣಾ, ಮೊದಲ ಬಾಯಿ ಸಿಹಿ ಮಾಡಸು. ಹುಡುಗಿನ ಕೇಳಾಕ ಬಂದಿದ್ರು!”

“ಯಾರಬೇ?”

“ಬೈಕಿನ ಮ್ಯಾಲೆ ಒಬ್ಬಾವ ಬಂದಿದ್ದ. ಮಸ್ತ್ ಅದಾನ. ಮೈಸೂರು ಕಡಿ ಮಾತು. ನಿಮ್ಮ ಮನಿ ಸುದ್ದಿ ಎಲ್ಲಾ ಕೇಳಿದ. ನಾ ಬಿಡ್ತೇನೇನು? ಭಾಳ ಮಡಿವಂತ ಮಂದಿ ಅಂದೆ. ಹಂಪಿ ವಿರೂಪಾಕ್ಷನ ಕಡಿ ಮುಖ ಮಾಡಿ ಕೈ ಮುಗಿಯದ ನೀರು ಸೈತ ಮುಟ್ಟಂಗಿಲ್ಲ ಅಂದೆ. ಕೋಳಿ ವಾಸನಿ ಬಂದ್ರ ಆ ತಾಯಿ ಸೆರಗು ಮೂಗಿಗೆ ಹಿಡಕಂತಾಳ ಅಂದೆ. ಮನ್ಯಾಗ ಉಳ್ಳಾಗಡ್ಡಿ ಸೈತ ತರಂಗಿಲ್ಲ ಅಂದೆ. ಲಿಂಗ ಕಟ್ಟಿದವರು ಇವರ ಮುಂದ ಏನೂ ಅಲ್ಲ ಅಂದೆ!”

ಅವಳು ಇದನ್ನು ಹೇಳುವಾಗ ನನ್ನ ಹೆಂಡತಿ ಮನೆಯ ಮುಂದೆಯೇ ಕಲ್ಲಿನ ಮೇಲೆ ಡ್ಯಾಮಿನ ಮೀನು ತಿಕ್ಕುತ್ತ ಕೂತಿದ್ದಳು. ನನಗೆ ಮಾತ್ರ ಹಿಗ್ಗೋ ಹಿಗ್ಗು. ನೌಕರಿಯ ಬೆನ್ನಿಗೇ ಮದುವೆ! ಗೊನೆಯಿಂದ ಒಂದು ಚಿಪ್ಪು ಬಾಳೆಹಣ್ಣು ಮುರಿದು ಅವಳ ಕೈಗೆ ಕೊಟ್ಟೆ. ಹೆಂಡತಿ ಮಾತ್ರ ಮೀನು ಬಿಟ್ಟು ಎದ್ದು ಬಂದಳು.

“ಹುಡುಗಿ ಫೋಟೋ ಕೇಳಿದನೇನಬೇ?”

“ಇಲ್ಲ.”

“ಮತ್ತೇನು ಕೇಳಿದ?”

“ಕುಲ ಕೇಳಿದ, ದೇವರು ಕೇಳಿದ. ಸತ್ರ ಹೂಳ್ತಾರೋ ಸುಡ್ತಾರೋ ಅಂತ ಕೇಳಿದ. ಎಲ್ಲಾ ಬರಕಂಡ.”

“ಮದಿವಿ ಮಾತಾಡಾಕ ಬಂದವ ಮಣ್ಣು ಮಾಡೋದ್ಯಾಕ ಕೇಳ್ತಾನ?” ಎಂದಳು ನನ್ನ ಹೆಂಡತಿ. “ಬರಕಂಡ ಅಂತಿ ಬ್ಯಾರೆ.”

 ಆಮೇಲೆ ಅಂಗಡಿಯಕ್ಕ ಬಾಳೆಹಣ್ಣನ್ನು ನನ್ನ ಕೈಗೇ ವಾಪಸ್ ಇಟ್ಟಳು.

ಬಂದವರು ಜಾತಿ ತಪಾಸಣೆಯ ಇನ್‌ಸ್ಪೆಕ್ಟರ್ ಸಾಹೇಬರು. ಹೇಳದೆ ಕೇಳದೆ ಬಂದು ಅಕ್ಕಪಕ್ಕದವರ ಬಾಯಿಂದ ನಿಜ ತಿಳಿಯುವುದು ಅವರ ರೀತಿಯಂತೆ. ಒಳ್ಳೆಯ ರೀತಿಯೇ. ಆದರೆ ನಮ್ಮ ಕೇರಿಯ ರೀತಿ ಅವರಿಗೆ ಗೊತ್ತಿರಲಿಲ್ಲ. ಕೆಲವು ದಿನಗಳಲ್ಲಿ ನೋಟೀಸು ಬಂತು. ಸ್ಥಳೀಯ ವಿಚಾರಣೆಯಲ್ಲಿ ಈ ಕುಟುಂಬದ ಆಚಾರ ವಿಚಾರಗಳು ಹೇಳಿಕೊಂಡ ಪಂಗಡಕ್ಕೆ ಹೊಂದುವುದಿಲ್ಲವೆಂದು ಕಂಡುಬಂದಿದೆ, ಆದ್ದರಿಂದ ಮತ್ತೊಮ್ಮೆ ವಿಚಾರಣೆ, ಎಲ್ಲರೂ ಹಾಜರಿರಬೇಕು.

ಮೊಮ್ಮಗಳು ರಜೆ ಹಾಕಿ ಸಂಡೂರಿನಿಂದ ಬಂದಳು. ಖಾಕಿಯಲ್ಲೇ ಬಂದಿದ್ದಳು, ಬಟ್ಟೆ ಬದಲಿಸುವ ಪುರುಸೊತ್ತೂ ಇಲ್ಲದೆ.

“ತಾತಾ, ಈ ಸಲ ತಪ್ಪಿದ್ರ ನೌಕರಿ ಹೋದಂಗ. ಇನ್ನೊಂದು ವಿಚಾರಣೆ ಇರಂಗಿಲ್ಲಂತ.”

ಅವಳು ಅಳುವ ಹುಡುಗಿಯಲ್ಲ. ಅಳಲಿಲ್ಲ. ಬೂಟಿನ ದಾರ ಬಿಚ್ಚುತ್ತ, ಕಟ್ಟುತ್ತ, ಮತ್ತೆ ಬಿಚ್ಚುತ್ತ ಕೂತಳು. ಅದನ್ನು ನೋಡಲು ನನಗೆ ಆಗಲಿಲ್ಲ. ನನ್ನ ಟೆಂಪರರಿ ನನ್ನ ಜೊತೆಗೇ ಮುಗಿಯಲಿ, ಇವಳವರೆಗೆ ಬರುವುದು ಬೇಡ ಎಂದು ಮನಸ್ಸಿನಲ್ಲೇ ಗೋಗರೆದುಕೊಂಡೆ.

ಅಂಗಡಿಯಕ್ಕ ಬಾಗಿಲಲ್ಲಿ ನಿಂತಿದ್ದಳು. ಅವಳ ಮುಖ ನಮಗಿಂತ ಬಾಡಿತ್ತು. “ಅಣ್ಣಾ, ನೀ ಚಿಂತಿ ಮಾಡಬ್ಯಾಡ. ಏರಿಸಿದಾಕಿ ನಾನ. ಇಳಿಸಾಕಿನೂ ನಾನ. ಈ ಸಲ ನಿಮ್ಮನ್ನ ಎಷ್ಟು ಕೆಳಗ ಇಳಸ್ತೇನಿ ನೋಡು!”

ನಾನು ಬೇಡವೆಂದೆ. ಕೇಳಬೇಕಲ್ಲ?

ಸಾಹೇಬರು ಈ ಸಲ ಜೀಪಿನಲ್ಲಿ ಬಂದರು. ಜೀಪು ಕಂಡದ್ದೇ, ಗಣಿಗೆ ಜಾಗ ನೋಡುವವರು ಬಂದರೆಂದು ಆ ತುದಿಯಿಂದ ಇಬ್ಬರು ಓಡಿ ಬಂದರು. ಆಗ ಜೀಪೆಂದರೆ ಅದೇ ಅರ್ಥ. ಅವರನ್ನು ಕಳಿಸಿ ಸಾಹೇಬರಿಗೆ ಕುರ್ಚಿ ಹಾಕಿದೆವು. ಇನ್ನೂ ವಯಸ್ಸಿನವರು. ಬಿಳಿ ಅಂಗಿ, ಕಂಕುಳಲ್ಲಿ ಫೈಲು, ನಗೆ ಇಲ್ಲದ ಮುಖ. ಚಹಾ ಬೇಡವೆಂದರು. ನೀರು ಬೇಡವೆಂದರು. ಅಂಗಡಿಯಕ್ಕನನ್ನೇ ಮೊದಲು ಕರೆದರು.

“ಅಮ್ಮಾ, ಈ ಮನೆಯವರು ಮಾಂಸ ತಿನ್ನುತ್ತಾರಾ?”

“ಅಯ್ಯ, ಮಾಂಸ ಬಿಟ್ಟು ಬ್ಯಾರೆ ಏನೂ ತಿನ್ನಂಗಿಲ್ಲರಿ!”

“ಹೋದ ಸಲ ಈರುಳ್ಳಿ ಸಹ ತರುವುದಿಲ್ಲ ಎಂದಿರಿ.”

“ಉಳ್ಳಾಗಡ್ಡಿ ಯಾಕ ತರಬೇಕ್ರಿ? ಬರೇ ಮಾಂಸನ ತಿಂತಾರ. ಮೊಲ, ಉಡ, ಕಾಡುಹಂದಿ, ನವಿಲು, ಏನು ಸಿಕ್ರೂ ಬಿಡಂಗಿಲ್ಲ. ಈ ಮುದುಕ ಅಂತೂ ದಿನಾ ಗುಡ್ಡಕ್ಕ ಹೋಗಿ ಏನರ ಒಂದು ಹೊಡಕೊಂಡ ಬರ್ತಾನ!”

ಸಾಹೇಬರು ಬರೆಯುವುದನ್ನು ನಿಲ್ಲಿಸಿ ತಲೆ ಎತ್ತಿದರು. ಗೋಡೆಗೆ ಒರಗಿ, ಖಾಕಿಯಲ್ಲಿ, ಅರಣ್ಯ ಇಲಾಖೆಯ ಪಟ್ಟಿ ಹೆಗಲಿಗೆ ಹಾಕಿಕೊಂಡು ನನ್ನ ಮೊಮ್ಮಗಳು ನಿಂತಿದ್ದಳು. ಅವಳು ನನ್ನನ್ನು ನೋಡಿದಳು. ನಾನು ಅಂಗಡಿಯಕ್ಕನನ್ನು ನೋಡಿದೆ. ಅಂಗಡಿಯಕ್ಕ ಬಹಳ ಚೆನ್ನಾಗಿ ಹೇಳಿದೆನೆಂದು ಸೆರಗು ಸರಿಮಾಡಿಕೊಳ್ಳುತ್ತಿದ್ದಳು.

“ಯಜಮಾನರೇ,” ಎಂದರು ಸಾಹೇಬರು ನನ್ನ ಕಡೆ ತಿರುಗಿ. “ನಾಯಕರಲ್ಲಿ ಯುಗಾದಿಯ ನಂತರ ಬೇಟೆಗೆ ಹೋಗುವ ಪದ್ಧತಿ ಇದೆ. ನಿಮ್ಮಲ್ಲಿ ಇದೆಯೇ? ಈಗಲೂ ಹೋಗುತ್ತೀರಾ?”

ನೋಡಿರಿ ನನ್ನ ಪರಿಸ್ಥಿತಿ. ಇಲ್ಲ ಎಂದರೆ ನಾವು ನಾಯಕರಲ್ಲ, ನೌಕರಿ ಹೋಯಿತು. ಹೌದು ಎಂದರೆ ಫಾರೆಸ್ಟ್ ಗಾರ್ಡಿನ ತಾತನೇ ಕಾಡುಪ್ರಾಣಿ ಹೊಡೆಯುವವನು, ಆಗಲೂ ನೌಕರಿ ಹೋಯಿತು. ಹಿಂದಿನಿಂದ ಹೆಂಡತಿ ನನ್ನ ಸೊಂಟ ಚಿವುಟಿದಳು. ಹೌದೆನ್ನಲು ಚಿವುಟಿದಳೋ ಇಲ್ಲವೆನ್ನಲು ಚಿವುಟಿದಳೋ ಗೊತ್ತಾಗಲಿಲ್ಲ. ಕೊನೆಗೆ ಇದ್ದದ್ದನ್ನೇ ಹೇಳಿದೆ.

“ಹೋಗ್ತೇವ್ರಿ ಸಾಹೇಬ್ರ. ತಪ್ಪಸಂಗಿಲ್ಲ.”

“ಏನು ಹೊಡೆಯುತ್ತೀರಿ?”

“ಫಾರಂ ಕೋಳಿರಿ.”

ಅವರು ಪೆನ್ನಿನ ಮುಚ್ಚಳ ಹಾಕಿದರು. “ಏನ್ರಿ, ನಾನೂ ನೋಡ್ತಾ ಇದ್ದೀನಿ. ಇಡೀ ಬೀದಿ ಸೇರಿ ನನ್ನನ್ನ ಆಟ ಆಡಿಸ್ತಾ ಇದ್ದೀರಾ?”

“ದೇವರಾಣಿ ಖರೇರಿ.”

“ನಿಮ್ಮ ರಕ್ತ ಸಂಬಂಧಿಗಳು ಎಲ್ಲಿದ್ದಾರೆ? ತಂದೆಯ ಕಡೆಯವರು?”

“ದೊಡ್ಡಪ್ಪನ ಮಗ ಒಬ್ಬ ಅದಾನ್ರಿ. ಸಂಡೂರು ಹತ್ರ ಹಳ್ಳ್ಯಾಗ.”

“ಹತ್ತಿ ಜೀಪು. ಈಗಲೇ ಹೋಗೋಣ. ಯಾರೂ ಅವರಿಗೆ ಫೋನ್ ಮಾಡಕೂಡದು.”

ನಾನು ಮುಂದೆ, ಮೊಮ್ಮಗಳು ಹಿಂದೆ. ಹೊರಟದ್ದೇ ನನಗೆ ಬೆವರು ಕಿತ್ತುಕೊಂಡಿತು. ಸಾಹೇಬರಿಗೆ ಹೇಗೆ ಹೇಳಲಿ, ಆ ಅಣ್ಣ ಯುಗಾದಿಯಿಂದ ನನ್ನ ಜೊತೆ ಮಾತೇ ಬಿಟ್ಟಿದ್ದಾನೆಂದು? ಮಾತು ಬಿಟ್ಟದ್ದಷ್ಟೇ ಅಲ್ಲ. “ಇವತ್ತಿನಿಂದ ನೀ ನನ್ನ ತಮ್ಮ ಅಲ್ಲ, ನಮ್ಮ ಬೆಡಗಿನವನೂ ಅಲ್ಲ” ಎಂದು ಹತ್ತು ಜನರ ಮುಂದೆ ಟವೆಲು ಒದರಿ ಎದ್ದು ಹೋಗಿದ್ದ. ಬೆಡಗು ಎಂದರೆ ನಮ್ಮಲ್ಲಿ ವಂಶದ ಹೆಸರು; ಒಂದೇ ಬೆಡಗಿನವರೆಲ್ಲ ಅಣ್ಣ ತಮ್ಮಂದಿರು. ಅದೇ ಮಾತನ್ನು ಅವನು ಈಗ ಸಾಹೇಬರ ಮುಂದೆ ಹೇಳಿದರೆ ಹುಡುಗಿಯ ನೌಕರಿಗೆ ಅಲ್ಲೇ ಮಣ್ಣು.

ಜಗಳ ಆದದ್ದೂ ಆ ಫಾರಂ ಕೋಳಿಯಿಂದಲೇ. ಹಿಂದೆ ನಮ್ಮ ಅಪ್ಪ, ದೊಡ್ಡಪ್ಪನ ಕಾಲದಲ್ಲಿ ಯುಗಾದಿ ಮುಗಿದ ಮೇಲೆ ಬೆಡಗಿನ ಗಂಡಸರೆಲ್ಲ ಬಲೆ, ಬಡಿಗೆ, ನಾಯಿ ಕಟ್ಟಿಕೊಂಡು ಸಂಡೂರಿನ ಗುಡ್ಡದ ಬುಡಕ್ಕೆ ಹೋಗುತ್ತಿದ್ದರು. ಮೊಲವೋ ಹಂದಿಯೋ ಸಿಗುತ್ತಿತ್ತು. ಆಮೇಲೆ ಕಾನೂನು ಬಂತು. ಕಾನೂನಿಗೆ ಅಂಜದಿದ್ದವರೂ ಗಣಿಯ ಬ್ಲಾಸ್ಟಿಂಗಿಗೆ ಅಂಜಬೇಕಾಯಿತು, ಮೊಲಗಳ ಸಮೇತ. ಆ ಸದ್ದಿಗೆ ಗುಡ್ಡದಲ್ಲಿ ಒಂದು ಇಲಿಯೂ ಉಳಿಯಲಿಲ್ಲ. ಆದರೆ ಯುಗಾದಿ ಬೇಟೆಗೆ ಹೋಗಿ ಬರಿಗೈಯಲ್ಲಿ ಬರಬಾರದು, ಅದು ವರ್ಷಕ್ಕೇ ಒಳ್ಳೆಯದಲ್ಲ. ಅದಕ್ಕೆ ಹಿರಿಯರು ಯೋಚನೆ ಮಾಡಿ ದಾರಿ ತೆಗೆದರು: ಚಿಕನ್ ಅಂಗಡಿಯಿಂದ ಜೀವಂತ ಕೋಳಿ ಕೊಂಡು, ಪೊದೆಯಲ್ಲಿ ಬಿಟ್ಟು, ಅದನ್ನೇ ಬೇಟೆಯಾಡುವುದು.

ಜವಾರಿ, ಅಂದರೆ ನಾಟಿ ಕೋಳಿಯಾದರೆ ಓಡುತ್ತಿತ್ತು. ಫಾರಂ ಕೋಳಿಗೆ ಓಡುವುದು ಗೊತ್ತಿಲ್ಲ. ಹುಟ್ಟಿದಾಗಿನಿಂದ ನೆಲವನ್ನೇ ನೋಡದ ಪ್ರಾಣಿ. ಆ ಯುಗಾದಿಗೆ ತಂದದ್ದೂ ಪೊದೆಯಲ್ಲಿ ಬಿಟ್ಟರೆ ಅಲ್ಲೇ ಕೂತುಕೊಂಡಿತು. ನಾವು ಸುತ್ತಲೂ ಬಲೆ ಕಟ್ಟಿದೆವು, ತಮಟೆ ಬಡಿದೆವು, ಹೋ ಎಂದು ಕೂಗಿದೆವು. ಅದು ಒಂದು ಸಲ ಕತ್ತು ತಿರುಗಿಸಿ ನಮ್ಮನ್ನು ನೋಡಿತು, ಅಷ್ಟೇ. ನಾಯಿ ಹತ್ತಿರ ಹೋಗಿ ಮೂಸಿ, ನಾಚಿಕೊಂಡು ವಾಪಸ್ ಬಂತು. ಕೊನೆಗೆ ನಾನೂ ಅಣ್ಣನೂ ಒಟ್ಟಿಗೇ ಬಡಿಗೆ ಎಸೆದೆವು. ಕೋಳಿ ಬಿತ್ತು. ಒಂದು ತೊಡೆ ದೇವರ ಎಡೆಗೆ, ಇನ್ನೊಂದು ಮೊದಲ ಏಟು ಹೊಡೆದವನಿಗೆ ಎನ್ನುವುದು ನಮ್ಮ ಕಟ್ಟಳೆ. ಅವನು ತನ್ನದೆಂದ, ನಾನು ನನ್ನದೆಂದೆ. ಬಡಿಸುವ ಹುಡುಗರು ತೊಡೆಯನ್ನು ನನ್ನ ಎಲೆಗೆ ಹಾಕಿದರು. ಹಾಕಿದ್ದನ್ನು ನಾನು ತಿಂದೆ.

ರಸ್ತೆಯ ತುಂಬ ಅದಿರಿನ ಲಾರಿಗಳು, ಮೂತಿಗೆ ಬಾಲ ಹಚ್ಚಿಕೊಂಡು ನಿಂತಿದ್ದವು. ಜೀಪು ನುಸುಳಿ ನುಸುಳಿ ಹೋಯಿತು. ಸಂಡೂರು ಮುಟ್ಟುವ ಹೊತ್ತಿಗೆ ಸಾಹೇಬರ ಬಿಳಿ ಅಂಗಿ ಕೆಂಪು ಧೂಳು ಕುಡಿದು ನಮ್ಮೂರಿನದೇ ಆಗಿತ್ತು.  ಹಿಂದಿನ ಸೀಟಿನಿಂದ ಮೊಮ್ಮಗಳು ಬಗ್ಗಿ ನನ್ನ ಕಿವಿಯಲ್ಲಿ, “ತಾತಾ, ದೊಡ್ಡ ತಾತನ ಕಾಲು ಹಿಡಿಬೇಕಾದ್ರೂ ಹಿಡಿ” ಎಂದಳು. “ನೌಕರಿಗೆ ಬೇಕಾದ್ರ ಹಿಡೀತೇನಿ. ತೊಡಿ ಮಾತ್ರ ನಂದ” ಎಂದೆ. ಅವಳು ಹಣೆ ಚಚ್ಚಿಕೊಂಡಳು.

ಅಣ್ಣ ಮನೆಯ ಕಟ್ಟೆಯ ಮೇಲೆ ಎಲೆ ಅಡಿಕೆ ಕುಟ್ಟುತ್ತ ಕೂತಿದ್ದ. ನನಗಿಂತ ಐದಾರು ವರ್ಷಕ್ಕೆ ದೊಡ್ಡವನು, ಸಿಟ್ಟಿನಲ್ಲಿ ಅದಕ್ಕೂ ದೊಡ್ಡವನು. ಜೀಪಿನಿಂದ ನಾನು ಇಳಿದದ್ದು ಕಂಡು ಮುಖವನ್ನು ಗೋಡೆಯ ಕಡೆ ತಿರುಗಿಸಿಕೊಂಡ. ಮೊಮ್ಮಗಳು ಓಡಿಹೋಗಿ ಕಾಲು ಮುಟ್ಟಿದಳು. ಅವಳ ತಲೆ ಸವರಿದ, ಆದರೆ ಮುಖ ತಿರುಗಿಸಲಿಲ್ಲ.

“ನಮಸ್ಕಾರ,” ಎಂದರು ಸಾಹೇಬರು. “ಇವರು ನಿಮಗೆ ಏನಾಗಬೇಕು?”

“ಯಾರ್ರಿ?”

“ಇಲ್ಲಿ ನಿಂತಿದ್ದಾರಲ್ಲ, ಇವರು.”

“ಇವನಾ? ಇವ ನನಗ ಏನೂ ಆಗಬೇಕಾಗಿಲ್ಲರಿ.”

 ಸಾಹೇಬರು ಫೈಲು ಬಿಚ್ಚಿದರು. “ಅಂದರೆ ಸಂಬಂಧವೇ ಇಲ್ಲವೇ?”

“ಇತ್ತರಿ. ಯುಗಾದಿ ಮಟ ಇತ್ತು. ತೊಡಿ ತಿಂದ ಮ್ಯಾಲೆ ಹೋತು.”

“ಯಾವ ತೊಡೆ?”

“ನನ್ನ ತೊಡಿ!”

ಸಾಹೇಬರು ಅಣ್ಣನ ಕಾಲುಗಳ ಕಡೆ ನೋಡಿದರು. ಎರಡೂ ಇದ್ದವು.

“ಫಾರಂ ಕೋಳಿದು ರೀ!” ಎಂದು ಅಣ್ಣ ಕುಟ್ಟಾಣಿ ಕೆಳಗಿಟ್ಟು ಎದ್ದ. “ಯುಗಾದಿ ಬ್ಯಾಟಿ ಕೋಳಿದು. ಮೊದಲನೇ ಏಟು ನಂದು. ಇಡೀ ಬೆಡಗು ನೋಡೇತಿ. ಈ ಹೊಟ್ಟಿಬಾಕ ತಿಂದ!”

“ಯಾರ್ದಲೇ ಮೊದಲನೇ ಏಟು?” ನನ್ನ ಬಾಯಿ ನನ್ನ ಕೈಯಲ್ಲಿ ಉಳಿಯಲಿಲ್ಲ. ಕಾಲು ಹಿಡಿಯುವುದು ಮರೆತೇಹೋಯಿತು. “ನಿನ್ನ ಬಡಿಗಿ ಪೊದಿ ದಾಟಿ ಆ ಕಡಿ ಬಿತ್ತು. ಹೋಗಿ ನಾಯಿ ಕಾಲಿಗೆ ಬಡೀತು!”

“ಕಣ್ಣು ಕಾಣದ ಮುದುಕ, ನಿನಗೇನು ಗೊತ್ತಲೇ?”

“ನಿನಗಿಂತ ನಾ ಸಣ್ಣಾವ!”

“ಸಣ್ಣಾವ ಅಂತ ಈಗರ ಗೊತ್ತಾತಲ್ಲ? ಹಂಗಾದ್ರ ಸಣ್ಣಾವನಂಗ ಇರು! ನಮ್ಮಪ್ಪ ನಿಮ್ಮಪ್ಪಗ ಯಾವತ್ತರ ಪಾಲು ತಪ್ಪಿಸಿದ್ದನೇನು? ಹಂದಿ ಬಿದ್ದ ವರ್ಷ ಅಪ್ಪ ತನ್ನ ತೊಡಿನೂ ತಮ್ಮಗ ಕೊಟ್ಟ. ನೀ ಆ ಚಿಕ್ಕಪ್ಪನ ಹೊಟ್ಯಾಗ ಹೆಂಗ ಹುಟ್ಟಿದಿ ಅಂತ!”

ಮೊಮ್ಮಗಳು ನನ್ನ ಅಂಗಿ ಜಗ್ಗುತ್ತಿದ್ದಳು. ಅಣ್ಣನ ಹೆಂಡತಿ ಒಳಗಿನಿಂದ ಬಂದು, ಮತ್ತೆ ಶುರುವಾಯಿತೇ ಇವರದು ಎನ್ನುವ ಹಾಗೆ ನೋಡಿ, ಸಾಹೇಬರಿಗೆ ಚಾಪೆ ಹಾಸಿ ಹೋದಳು. ನಾನು ಆಗ ಗಮನಿಸಿದೆ: ಸಾಹೇಬರು ಚಾಪೆಯ ಮೇಲೆ ಕೂತು ಪಟಪಟನೆ ಬರೆಯುತ್ತಿದ್ದರು.

“ತಡೀರಿ, ತಡೀರಿ. ಒಬ್ಬೊಬ್ಬರಾಗಿ ಹೇಳಿ. ಮೊದಲ ಏಟಿಗೆ ತೊಡೆ ಅನ್ನೋದು ಯಾರು ಮಾಡಿದ್ದು?”

“ನಮ್ಮ ಮುತ್ತಾತ್ರ ಕಾಲದ್ದರಿ,” ಎಂದ ಅಣ್ಣ. “ಏಟು ಹೊಡೆದಾವಗ ತೊಡಿ, ಬಲಿ ಕಟ್ಟಿದಾವಗ ಕುತ್ತಿಗಿ, ಪೊದಿ ಬಡಿದಾವಗ ಪಕ್ಕೆಲುಬು.”

“ನಾಯಿಗೆ ಕರುಳು,” ಎಂದೆ ನಾನು.

“ನಾಯಿದು ಕೇಳ್ಯಾರೇನಲೇ?”

“ಬೆಡಗು ಯಾವುದು ನಿಮ್ಮದು?” ಎಂದು ಸಾಹೇಬರು ನಡುವೆ ಕೇಳಿದರು. ಇಬ್ಬರೂ ಒಟ್ಟಿಗೇ, ಒಂದೇ ಉಸಿರಿಗೆ ಹೇಳಿದೆವು. ಒಟ್ಟಿಗೇ ಹೇಳಿದ್ದಕ್ಕೆ ಒಬ್ಬರನ್ನೊಬ್ಬರು ಗುರಾಯಿಸಿದೆವು. ಯಾವ ಬೆಡಗಿನಿಂದ ಹೆಣ್ಣು ತರುತ್ತೀರಿ, ಯಾವುದಕ್ಕೆ ಕೊಡುವುದಿಲ್ಲ, ಅಜ್ಜನ ಅಜ್ಜ ಎಲ್ಲಿಂದ ಬಂದವನು ಎಂದೆಲ್ಲ ಕೇಳುತ್ತಹೋದರು. ಅಣ್ಣ ಒಂದಕ್ಕೆ ಉತ್ತರ ಕೊಟ್ಟು ಪ್ರತಿ ಸಲವೂ ತೊಡೆಗೇ ಬಂದು ನಿಲ್ಲುತ್ತಿದ್ದ. ಎಲ್ಲ ಮುಗಿದ ಮೇಲೆ ಸಾಹೇಬರು ಪೆನ್ನನ್ನು ಹಲ್ಲಲ್ಲಿ ಕಚ್ಚಿಕೊಂಡು ಬರೆದ ಹಾಳೆಗಳನ್ನು ತಿರುವಿ ನೋಡಿದರು. ಆ ನಗೆಯಿಲ್ಲದ ಮುಖದಲ್ಲಿ ಎಲ್ಲೋ ಒಂದು ಕಡೆ ಏನೋ ಹರಿದಾಡುತ್ತಿತ್ತು.

“ಎಲ್ಲ ಸರಿ. ಆದರೆ ನೀವು ಇನ್ನೂ ಹೇಳಿಲ್ಲ. ಇವರು ನಿಮಗೆ ಏನಾಗಬೇಕು?”

“ತೊಡಿ ಇತ್ಯರ್ಥ ಆಗೋ ಮಟ ಏನೂ ಆಗಬೇಕಾಗಿಲ್ಲ,” ಎಂದ ಅಣ್ಣ, ಮತ್ತೆ ಗೋಡೆಯ ಕಡೆ ತಿರುಗಿ.

ಸಾಹೇಬರು ನನ್ನನ್ನು ನೋಡಿದರು. “ಯಜಮಾನರೇ, ನನಗೆ ಒಂದು ಹೇಳಿಕೆ ಬೇಕು. ಇವರು ಸಂಬಂಧ ಇಲ್ಲ ಎಂದರೆ ನಾನು ಹಾಗೇ ಬರೆಯಬೇಕಾಗುತ್ತದೆ. ಒಂದು ಮಾತು ಕೇಳುತ್ತೇನೆ. ಆ ಕೋಳಿ ಏಟು ಬೀಳುವ ಮೊದಲೇ ಬಿಸಿಲಿಗೆ ಸತ್ತಿರಬಹುದಲ್ಲವೇ? ಅಂಗಡಿಯ ಕೋಳಿ. ಹಾಗೆ ತಾನಾಗಿ ಸತ್ತರೆ ತೊಡೆ ಯಾರಿಗೆ?”

ನಮ್ಮ ಮುತ್ತಾತ ಅಂಥ ಪ್ರಾಣಿಯನ್ನು ನೋಡಿದವನಲ್ಲ. ಕೂತಲ್ಲೇ ಸಾಯುವ ಬೇಟೆಗೆ ಅವನು ಕಟ್ಟಳೆ ಮಾಡಿರಲಿಲ್ಲ. ಆದರೆ ಏಟಿಲ್ಲದೆ ಸಿಕ್ಕದ್ದು ಹಿರಿಯನಿಗೆ ಎನ್ನುವುದು ನಮ್ಮಲ್ಲಿ ಹಾಲುಗಲ್ಲದ ಮಗುವಿಗೂ ಗೊತ್ತು. ನನಗೂ ಗೊತ್ತು. ಬಾಯಿ ಬಿಟ್ಟು ಹೇಳಬೇಕಲ್ಲ? ಮೊಮ್ಮಗಳ ಕಡೆ ನೋಡಿದೆ. ಅವಳು ಎತ್ತರ ಅಳೆಯುವಾಗ ನಿಂತಿದ್ದಳಂತಲ್ಲ, ಹಾಗೇ ಉಸಿರು ಬಿಗಿಹಿಡಿದು ನಿಂತಿದ್ದಳು.

“ಹಿರಿಯನಿಗೆ,” ಎಂದೆ.

“ಕೇಳಸಲಿಲ್ಲ,” ಎಂದ ಅಣ್ಣ ಗೋಡೆಗೆ.

“ಹಿರಿಯನಿಗೆ! ತೊಡಿ ನಿಂದು! ಸಾಕಾತಾ?”

ಅಣ್ಣ ನಿಧಾನವಾಗಿ ತಿರುಗಿದ. ಟವೆಲಿನಿಂದ ಮುಖ ಒರೆಸಿಕೊಂಡ. ಸಾಹೇಬರ ಎದುರು ಚಕ್ಕಳ ಮಕ್ಕಳ ಹಾಕಿ ಕೂತ.

“ಬರಕೊಳ್ರಿ ಸಾಹೇಬ್ರ. ಇವ ನನ್ನ ಖಾಸ ಚಿಕ್ಕಪ್ಪನ ಮಗ. ನನ್ನ ತಮ್ಮ. ಇಬ್ರಿಗೂ ಅಜ್ಜ ಒಬ್ಬಾವ, ಬೆಡಗು ಒಂದ, ದೇವರು ಒಂದ. ಇವ ನಾಯಕ ಅಲ್ಲ ಅಂದ್ರ ನಾನೂ ಅಲ್ಲ, ಇಡೀ ಊರೂ ಅಲ್ಲ. ಹೆಬ್ಬೆಟ್ಟು ಎಲ್ಲಿ ಒತ್ತಬೇಕು ತೋರಸ್ರಿ. ಎಷ್ಟು ಬೇಕಾದ್ರೂ ಒತ್ತತೇನಿ.”

ಅಲ್ಲಿಯವರೆಗೆ ನೀರೂ ಬೇಡವೆಂದಿದ್ದ ಸಾಹೇಬರು ಆಗ ಚಹಾ ಕೇಳಿದರು. ಕುಡಿಯುತ್ತ ಕುಡಿಯುತ್ತ ಒಮ್ಮೆಲೇ ನೆತ್ತಿಗೆ ಹತ್ತಿ ಕೆಮ್ಮತೊಡಗಿದರು. ಕೆಮ್ಮಲ್ಲ, ನಗೆ ಅದು. ಅಲ್ಲಿಯವರೆಗೆ ಎಲ್ಲಿ ಕಟ್ಟಿಟ್ಟಿದ್ದರೋ! ಮೊಮ್ಮಗಳು ಶುರುಮಾಡಿದಳು, ಅತ್ತಿಗೆ ಶುರುಮಾಡಿದಳು. ಅಣ್ಣನೊಬ್ಬ ಗಂಭೀರವಾಗಿ, “ನಗೂ ಮಾತಲ್ಲರಿ ಇದು” ಎಂದ.

ಸಿಂಧುತ್ವ ಪ್ರಮಾಣ ಪತ್ರ ಬಂತು. ಸಾಹೇಬರು ವರದಿಯಲ್ಲಿ ಬರೆದದ್ದನ್ನು ಮೊಮ್ಮಗಳು ಆಮೇಲೆ ಯಾರಿಂದಲೋ ಕೇಳಿ ತಿಳಿದುಕೊಂಡು ಬಂದು ಹೇಳಿದಳು: ಸದರಿ ಇಬ್ಬರೂ ಒಂದೇ ವಂಶದವರೆಂಬುದು ಅವರ ನಡುವಿನ ವ್ಯಾಜ್ಯದ ಸ್ವರೂಪದಿಂದಲೇ ಖಚಿತಪಡುತ್ತದೆ. ನಾನು ಅದನ್ನು ಎಷ್ಟೋ ಸಲ ಓದಿಸಿಕೊಂಡ ಹಾಗೆ ಹೇಳಿಸಿಕೊಂಡೆ. ವ್ಯಾಜ್ಯದ ಸ್ವರೂಪ! ನಮ್ಮ ಜಗಳಕ್ಕೆ ಯಾರೂ ಅಷ್ಟು ಒಳ್ಳೆಯ ಹೆಸರು ಇಟ್ಟಿರಲಿಲ್ಲ. ಅಂಗಡಿಯಕ್ಕ ಮಾತ್ರ ಇವತ್ತಿಗೂ ನೌಕರಿ ಉಳಿಸಿದವಳು ತಾನೇ ಎನ್ನುತ್ತಾಳೆ. ಹುಡುಗಿಗೆ ಪ್ರೊಬೇಷನ್ ಮುಗಿದು ಖಾಯಂ ಆದ ದಿನ ನಾನು ಯಾರಿಗೂ ಹೇಳದೆ ಕಂಪ್ಲಿಯ ಕಡೆಯಿಂದ ಒಂದು ದಪ್ಪ ಜವಾರಿ ಹುಂಜ ತರಿಸಿದೆ. ಕಂಕುಳಲ್ಲಿ ಇಟ್ಟುಕೊಂಡು ಸಂಡೂರು ಬಸ್ಸು ಹತ್ತಿದೆ. ಹುಂಜಕ್ಕೂ ಟಿಕೆಟ್ ತೆಗೆಸಬೇಕೆಂದ ಕಂಡಕ್ಟರ್. “ಕೊಡಪ, ನನ್ನ ಮೊಮ್ಮಗಳು ಪರ್ಮನೆಂಟು” ಎಂದೆ. ಅವನು ಹಾಗೇ ಬಿಟ್ಟ.

ಅಣ್ಣ ಹುಂಜವನ್ನು ಕೈಯಲ್ಲಿ ತೂಗಿ ನೋಡಿದ. ಕಾಲು ಹಿಂಡಿ ನೋಡಿದ. “ಫಾರಂ ತೊಡಿ ತಿಂದು ಜವಾರಿ ತೊಡಿ ಕೊಟ್ಟಿ. ಹೋಗ್ಲಿ, ನಡೀತದ” ಎಂದ.

ಮಧ್ಯಾಹ್ನ ಎಲ್ಲರೂ ಒಂದೇ ಪಂಕ್ತಿಯಲ್ಲಿ ಕೂತೆವು. ಮೊಮ್ಮಗಳು ಡ್ಯೂಟಿಯಿಂದ ನೇರ ಬಂದು, ಟೋಪಿ ತೆಗೆದು ಪಕ್ಕಕ್ಕಿಟ್ಟು, ನಮ್ಮಿಬ್ಬರ ನಡುವೆ ಕೂತಳು. ತೊಡೆಗಳು ಎರಡು. ಎರಡನ್ನೂ ಅಣ್ಣ ತನ್ನ ಎಲೆಗೇ ಹಾಕಿಸಿಕೊಂಡ. ಒಂದು ಚೂರೂ ಯಾರಿಗೂ ಕೊಡಲಿಲ್ಲ, ಮೂಳೆ ಕಡಿದು ಒಳಗಿನದನ್ನೂ ಹೀರಿದ. ಮೊದಲ ಏಟು ನನ್ನದೇ ಆಗಿತ್ತು, ಅದನ್ನು ನಾನು ಈಗಲೂ ಹೇಳುತ್ತೇನೆ. ಆದರೆ ಅವತ್ತು ಅವನು ತಿನ್ನುವುದನ್ನು ನೋಡುತ್ತ ಕೂತ ನನಗೆ, ಬರೀ ಸಾರು ಅನ್ನದಲ್ಲೇ ಹೊಟ್ಟೆ ಬಿರಿಯುವಷ್ಟು ತುಂಬಿತು.